ಕುತ್ತಿಗೆಗೆ ಬೆರಳಿಟ್ಟು ಆಡಿದ ಮಾತು

ನಾನು ಉಸಿರಾಡುವುದು ಕುತ್ತಿಗೆಯಿಂದ. ಗಂಟಲ ಬುಡದ ಗುಳಿಯಲ್ಲಿ, ಹಳೆಯ ನಾಲ್ಕಾಣೆ ನಾಣ್ಯದಷ್ಟು ಅಗಲದ ಒಂದು ತೂತು ಇದೆ. ಅದರ ಮೇಲೆ ತೆಳು ಬಟ್ಟೆ ಇಳಿಬಿಟ್ಟಿರುತ್ತೇನೆ. ಮಾತಾಡಬೇಕಾದರೆ ಉಸಿರು ಎಳೆದುಕೊಂಡು, ಬಟ್ಟೆಯ ಮೇಲಿಂದ ಹೆಬ್ಬೆರಳು ಒತ್ತಿ ಆ ತೂತನ್ನು ಮುಚ್ಚಬೇಕು. ಆಗ ದನಿ ಬರುತ್ತದೆ. ನಾಲ್ಕೈದು ಮಾತಾದ ಮೇಲೆ ಬೆರಳು ತೆಗೆದು ಮತ್ತೆ ಉಸಿರು ಎಳೆಯಬೇಕು. 2014ರಲ್ಲಿ ಮುಂಬಯಿಯ ಪರೇಲ್‌ನ ಟಾಟಾ ಸ್ಮಾರಕ ಆಸ್ಪತ್ರೆಯಲ್ಲಿ ನನ್ನ ಧ್ವನಿಪೆಟ್ಟಿಗೆಯನ್ನು ಪೂರ್ತಿ ತೆಗೆದರು. ಅಂದಿನಿಂದ ಮೂಗಿನಲ್ಲಿ ಗಾಳಿ ಓಡಾಡುವುದಿಲ್ಲ.

ದಹಿಸರ್‌ನಲ್ಲಿ, ಬೊರಿವಲಿಯಲ್ಲಿ, ಮೀರಾ ರೋಡಿನಲ್ಲಿ ನಮ್ಮ ಊರಿನವರ ಸಂಘಗಳಿವೆ, ನಮ್ಮವರ ಹೋಟೆಲುಗಳಿವೆ. ಬೀಡಿ ಸಿಗರೇಟಿನ ಬಗ್ಗೆ ಮಾತಾಡಿ ಎಂದು ಅಲ್ಲಿಗೆ ನನ್ನನ್ನು ಕರೆಯುತ್ತಾರೆ. ಕೇಳಿದವರು ಹೊರಡುವಾಗ ಕೈ ಹಿಡಿದು, "ಥೇಟ್ ನಾಟಕ ನೋಡಿದ ಹಾಗಾಯ್ತು" ಅನ್ನುತ್ತಾರೆ. ಅವರು ಒಳ್ಳೆಯ ಮನಸ್ಸಿನಿಂದಲೇ ಹೇಳುವುದು. ನಾನು ವಾಕ್ಯದ ನಡುವೆ ನಿಲ್ಲಿಸುವುದು, ಕೈ ಮೇಲೆತ್ತುವುದು, ಸಭೆಯನ್ನು ಸುಮ್ಮನೆ ನೋಡುವುದು, ಇವೆಲ್ಲ ಅವರಿಗೆ ಅಭಿನಯದಂತೆ ಕಾಣುತ್ತವೆ. ನನಗೆ ಬೇರೆ ರೀತಿಯಲ್ಲಿ ಮಾತಾಡಲು ಆಗುವುದಿಲ್ಲ, ಅಷ್ಟೆ. ಆ ಭಾಷಣದ ಹಿಂದೆ ಇರುವುದನ್ನು ಸಭೆಯಲ್ಲಿ ಪೂರ್ತಿ ಹೇಳಲು ಉಸಿರು ಸಾಲದು. ಬರೆಯುವುದಕ್ಕೆ ಉಸಿರಿನ ಹಂಗಿಲ್ಲ, ಹಾಗಾಗಿ ಬರೆಯುತ್ತಿದ್ದೇನೆ.

ನಾನು ಕಾರ್ಕಳ ತಾಲೂಕಿನವನು. ನಮ್ಮ ಮನೆಯಲ್ಲಿ ಬೆಳಗ್ಗೆ ಎದ್ದ ಕೂಡಲೇ ಮೂಗಿಗೆ ಬಡಿಯುತ್ತಿದ್ದುದು ಹೊಗೆಸೊಪ್ಪಿನ ವಾಸನೆ. ಅಮ್ಮ, ಅಕ್ಕ, ಪಕ್ಕದ ಮನೆಯ ಚಿಕ್ಕಮ್ಮ ಎಲ್ಲರೂ ಜಗಲಿಯಲ್ಲಿ ಕಾಲು ಚಾಚಿ ಕುಳಿತು, ಮಡಿಲಲ್ಲಿ ಗೆರಸೆ ಇಟ್ಟುಕೊಂಡು ಬೀಡಿ ಕಟ್ಟುತ್ತಿದ್ದರು. ನೆನೆಸಿದ ಎಲೆಯನ್ನು ಅಳತೆಗೆ ಕತ್ತರಿಸುವುದು, ಚಿಟಿಕೆ ಪುಡಿ ಹರಡುವುದು, ಸುರುಳಿ ಸುತ್ತುವುದು, ತುದಿ ಮಡಚಿ ನೂಲು ಬಿಗಿಯುವುದು, ಎಲ್ಲವೂ ಮಾತಿನ ನಡುವೆಯೇ ನಡೆಯುತ್ತಿತ್ತು. ಕೈ ಅದರ ಪಾಡಿಗೆ ಓಡುತ್ತಿತ್ತು. ಕಟ್ಟಿದ್ದನ್ನು ಬೀಡಿ ಕಂಪನಿಯ ಬ್ರಾಂಚಿಗೆ ಒಯ್ದರೆ ಅಲ್ಲಿ ಸರಿಯಿಲ್ಲದ್ದನ್ನು ಆರಿಸಿ ತೆಗೆದು ಉಳಿದದ್ದಕ್ಕೆ ಲೆಕ್ಕ ಬರೆಯುತ್ತಿದ್ದರು. ಅಕ್ಕಂದಿರ ಮದುವೆ, ತಮ್ಮನ ಶಾಲೆ, ಮಾಡಿನ ಹೊಸ ಹಂಚು ಎಲ್ಲವೂ ಆ ಲೆಕ್ಕದಿಂದ ಬಂದದ್ದು. 1972ರಲ್ಲಿ ನಾನು ಮುಂಬಯಿಯ ಬಸ್ಸು ಹತ್ತಿದಾಗ ಟಿಕೇಟಿನ ದುಡ್ಡೂ ಅದರಲ್ಲೇ ಇತ್ತು.

ಹೀಗಾಗಿ ಬೀಡಿ ಎಂದರೆ ನನಗೆ ಮನೆಯ ವಸ್ತು. ಅದು ಕೆಡುಕು ಮಾಡುತ್ತದೆ ಎಂದು ಯಾರಾದರೂ ಹೇಳಿದ್ದರೂ ನಾನು ನಂಬುತ್ತಿರಲಿಲ್ಲ. ಇವತ್ತಿಗೂ ವೇದಿಕೆಯಲ್ಲಿ ನಿಂತು ಬೀಡಿ ಕಟ್ಟುವ ಕೈಗಳ ಬಗ್ಗೆ ಒಂದು ಕೆಟ್ಟ ಮಾತು ನನ್ನಿಂದ ಬರುವುದಿಲ್ಲ. ಬೀಡಿ ಉದ್ಯಮ ನಾಳೆಯೇ ಮುಚ್ಚಲಿ ಎನ್ನುವವರು, ಜಗಲಿಯಲ್ಲಿ ಕುಳಿತ ಹೆಂಗಸಿನ ಮಡಿಲಿಗೆ ಬೇರೆ ಯಾವ ಕೆಲಸ ಕೊಡುತ್ತೀರಿ ಎಂಬುದನ್ನೂ ಅದೇ ಉಸಿರಿನಲ್ಲಿ ಹೇಳಬೇಕು. ಆ ಪುಡಿಯ ಧೂಳು ಅಮ್ಮನ ಎದೆಗೂ ಹೋಗಿದೆ. ಅವಳು ಒಂದು ಬೀಡಿಯನ್ನೂ ಸೇದಿದವಳಲ್ಲ, ಆದರೂ ಕೊನೆಯ ವರ್ಷಗಳಲ್ಲಿ ರಾತ್ರಿಯೆಲ್ಲ ಕೆಮ್ಮುತ್ತಿದ್ದಳು.

ಮುಂಬಯಿಯಲ್ಲಿ ನನ್ನ ಮೊದಲ ಕೆಲಸ ಫೋರ್ಟಿನ ಹೋಟೆಲೊಂದರಲ್ಲಿ ಆಫೀಸುಗಳಿಗೆ ಚಹಾ ಒಯ್ಯುವುದು. ಸಂಜೆ ಕನ್ನಡ ರಾತ್ರಿ ಶಾಲೆ. ಈ ಶಹರದಲ್ಲಿ ನಮ್ಮವರ ರಾತ್ರಿ ಶಾಲೆಗಳಿಗೆ ದೊಡ್ಡ ಇತಿಹಾಸವಿದೆ. ಮೊಗವೀರ ಸಮಾಜದವರು 1908ರಷ್ಟು ಹಿಂದೆಯೇ ಶುರುಮಾಡಿದ್ದರು. ಹೋಟೆಲಿನ ಎಷ್ಟೋ ಹುಡುಗರು ಅಂಥ ಶಾಲೆಗಳಿಂದ ಬ್ಯಾಂಕಿಗೆ, ವಕೀಲಿಕೆಗೆ ಹೋದರು. ನಾನು ಅಷ್ಟು ದೂರ ಹೋಗಲಿಲ್ಲ. ಕನ್ನಡ ಓದು ಬರಹ ಗಟ್ಟಿಯಾಯಿತು, ಅಷ್ಟರಲ್ಲಿ ಕೆಲಸ ಹೆಚ್ಚಾಯಿತು. ಶಾಲೆಯಿಂದ ಬಂದು, ಹೋಟೆಲಿನ ಬಾಗಿಲು ಎಳೆದ ಮೇಲೆ ಮೇಜುಗಳನ್ನು ಜೋಡಿಸಿ ಅವುಗಳ ಮೇಲೆಯೇ ಮಲಗುವುದು. ಆ ಹೊತ್ತಿಗೆ ಒಂದು ಬೀಡಿ ಕೈಯಿಂದ ಕೈಗೆ ತಿರುಗುತ್ತಿತ್ತು. ದಿನವಿಡೀ ನಿಂತ ಕಾಲಿನ ನೋವು, ಮನೆಯ ನೆನಪು, ನಾಳೆ ಬೆಳಗಿನ ನಾಲ್ಕು ಗಂಟೆಯ ಎಚ್ಚರ, ಇವೆಲ್ಲದರ ನಡುವೆ ನಮ್ಮದೇ ಆದ ಸಮಯ ಅದೊಂದೇ. ಹುಡುಗರಿಗೆ ಇವತ್ತು ಮಾತಾಡುವಾಗ ಇದನ್ನು ನಾನು ಮೊದಲು ಹೇಳುತ್ತೇನೆ. ಬೀಡಿ ಅವರಿಗೆ ಏನು ಕೊಡುತ್ತದೆ ಎಂದು ಗೊತ್ತಿಲ್ಲದವನ ಮಾತನ್ನು ಅವರು ಕೇಳುವುದಿಲ್ಲ.

ಮುಂದೆ ದಹಿಸರ್ ಸ್ಟೇಷನ್ನಿನ ಹತ್ತಿರದ ಹೋಟೆಲಿಗೆ ಬಂದೆ, ಗಲ್ಲಾದ ಮೇಲೆ ಕುಳಿತೆ. ಪಶ್ಚಿಮ ರೈಲ್ವೆಯಲ್ಲಿ ಮುಂಬಯಿ ಮಹಾನಗರ ಮುಗಿಯುವ ಜಾಗ ದಹಿಸರ್. ಮುಂದಿನ ಮೀರಾ ರೋಡ್ ಠಾಣೆ ಜಿಲ್ಲೆಗೆ ಸೇರಿದ್ದು. ಚೆಕ್‌ನಾಕಾದಲ್ಲಿ ರಾತ್ರಿ ಹಗಲು ಲಾರಿ ನಿಲ್ಲುತ್ತವೆ, ಹೆದ್ದಾರಿಯ ಧೂಳು ಹಾರುತ್ತದೆ. ಚಹಾ ಕುಡಿದವರು ಹೊರಗೆ ಪಾನ್‌ಬೀಡಿ ಅಂಗಡಿಯಲ್ಲಿ ನೇತುಹಾಕಿದ ಉರಿಯುವ ಹಗ್ಗಕ್ಕೆ ಬೀಡಿ ಹಚ್ಚಿ ಹೋಗುತ್ತಾರೆ. 2008ರ ಅಕ್ಟೋಬರ್ 2ರಿಂದ ಸಾರ್ವಜನಿಕ ಸ್ಥಳದಲ್ಲಿ ಧೂಮಪಾನ ನಿಷೇಧವಾಯಿತು. ಬೋರ್ಡು ತೂಗುಹಾಕಿದ್ದು ನಾನೇ. ಗಿರಾಕಿಗಳನ್ನು ಹೊರಗೆ ಹೋಗಿ ಎನ್ನುತ್ತಿದ್ದವನೂ ನಾನೇ, ಅಡುಗೆಮನೆಯ ಹಿಂಬಾಗಿಲಲ್ಲಿ ನಿಂತು ಸೇದುತ್ತಿದ್ದವನೂ ನಾನೇ.

ಹೋಟೆಲಿನವನಿಗೆ ಗಂಟಲು ಕೆಡುವುದು ಹೊಸತಲ್ಲ. ಆರ್ಡರ್ ಕೂಗಬೇಕು, ಒಗ್ಗರಣೆಯ ಹೊಗೆ ಕುಡಿಯಬೇಕು. 2013ರ ಮಳೆಗಾಲದಲ್ಲಿ ದನಿ ಕುಗ್ಗಿದಾಗ ನೆಗಡಿ ಎಂದುಕೊಂಡೆ. ಮಳೆ ಹೋಯಿತು, ದನಿ ಬರಲಿಲ್ಲ. ಶುಂಠಿ ಕಷಾಯ ಆಯಿತು, ಕಾಳುಮೆಣಸು ಜಗಿದದ್ದಾಯಿತು, ವಠಾರದ ಡಾಕ್ಟರ ಕೆಮ್ಮಿನ ಔಷಧಿ ಆಯಿತು. ನೋವು ಇರಲಿಲ್ಲ, ಅದೇ ಮೋಸ. ಧ್ವನಿತಂತುವಿನ ಮೇಲೆ ಜೋಳದ ಕಾಳಿನಷ್ಟು ಚಿಕ್ಕದು ಬೆಳೆದರೂ ದನಿ ಒಡೆಯುತ್ತದೆ, ನೋವು ಮಾತ್ರ ಬಹಳ ತಡವಾಗಿ ಬರುತ್ತದೆ. ದೀಪಾವಳಿಯ ಹೊತ್ತಿಗೆ ಮೆಟ್ಟಿಲು ಹತ್ತುವಾಗ ಉಸಿರಿನಲ್ಲಿ ಸಿಳ್ಳೆಯಂಥ ಶಬ್ದ ಬರತೊಡಗಿತು. ಹೆಂಡತಿ ಅದನ್ನು ರಾತ್ರಿ ಕೇಳಿ ಎದ್ದು ಕೂತಳು. "ಇನ್ನು ನಾನು ನಿಮ್ಮ ಮಾತು ಕೇಳುವುದಿಲ್ಲ, ನಾಳೆ ದೊಡ್ಡ ಆಸ್ಪತ್ರೆ" ಅಂದಳು.

1941ರ ಫೆಬ್ರುವರಿ 28ರಂದು ಬಾಗಿಲು ತೆರೆದ ಟಾಟಾ ಸ್ಮಾರಕ ಆಸ್ಪತ್ರೆಗೆ ದೇಶದ ಮೂಲೆಮೂಲೆಯಿಂದ ಜನ ಬರುತ್ತಾರೆ. ನಾವು ದಹಿಸರ್‌ನಿಂದ ಸ್ಲೋ ಲೋಕಲ್ ಹಿಡಿದು, ಈಗ ಪ್ರಭಾದೇವಿ ಎಂದಾಗಿರುವ ಎಲ್ಫಿನ್‌ಸ್ಟನ್ ರೋಡಿನಲ್ಲಿ ಇಳಿದು, ಸೇತುವೆ ದಾಟಿ ಪರೇಲ್ ಕಡೆಗೆ ನಡೆಯುತ್ತಿದ್ದೆವು. ಆಸ್ಪತ್ರೆಯ ಸುತ್ತಲಿನ ಕಾಲುದಾರಿಯಲ್ಲಿ ಪ್ಲಾಸ್ಟಿಕ್ ಹಾಸಿ ಮಲಗಿದ ಬಿಹಾರ, ಬಂಗಾಳದ ಕುಟುಂಬಗಳನ್ನು ಕಂಡು, ರಾತ್ರಿ ಮರಳಲು ನಮಗೊಂದು ಮನೆಯಿದೆಯಲ್ಲ ಎಂದು ಹೆಂಡತಿ ಕಣ್ಣೊರೆಸಿಕೊಂಡಳು. ಪೇಟೆಯಲ್ಲಿ ಇಷ್ಟು ವರ್ಷ ಇದ್ದು ಆ ರಸ್ತೆಯನ್ನು ನಾನು ನೋಡಿಯೇ ಇರಲಿಲ್ಲ. ದಾದರ್‌ನ ಗಾಡ್ಗೆ ಮಹಾರಾಜ ಧರ್ಮಶಾಲೆ ಇಂಥವರಿಗಾಗಿಯೇ ಇರುವುದು, ಆದರೆ ಬರುವವರಿಗೆಲ್ಲ ಯಾವ ಧರ್ಮಶಾಲೆ ಸಾಕಾದೀತು?

ಗಂಟಲೊಳಗೆ ದುರ್ಬೀನು ಇಳಿಸಿ ನೋಡಿದರು, ಚೂರು ತೆಗೆದು ಪರೀಕ್ಷೆಗೆ ಕಳಿಸಿದರು. ರಿಪೋರ್ಟು ಬಂದ ದಿನ ವೈದ್ಯರು ಕಾಗದದ ಮೇಲೆ ಚಿತ್ರ ಬರೆದು ತೋರಿಸಿದರು. ಗೆಡ್ಡೆ ಧ್ವನಿಪೆಟ್ಟಿಗೆಯ ಮೃದ್ವಸ್ಥಿಯನ್ನು ದಾಟಿದೆ. ಪೂರ್ತಿ ತೆಗೆಯಬೇಕು. ಶ್ವಾಸನಾಳವನ್ನು ಕುತ್ತಿಗೆಯ ಮುಂದಕ್ಕೆ ತಂದು ಚರ್ಮಕ್ಕೆ ಹೊಲಿಯಬೇಕು. ಬಾಯಿಂದ ಅನ್ನನಾಳಕ್ಕೆ ಮಾತ್ರ ದಾರಿ ಉಳಿಯುತ್ತದೆ. ಎಷ್ಟು ವರ್ಷದಿಂದ ಸೇದುತ್ತೀರಿ, ಕುಡಿಯುತ್ತೀರಾ ಎಂದು ಕೇಳಿ ಬರೆದುಕೊಂಡರು. ಎರಡೂ ಜೊತೆಗೂಡಿದರೆ ಗಂಟಲಿಗೆ ಆಗುವ ಅಪಾಯ ಬರೀ ಎರಡರ ಮೊತ್ತಕ್ಕಿಂತ ಹೆಚ್ಚು ಎಂದು ಹೇಳಿದರು. ಒಂದು ಮಾತೂ ಬೈಯಲಿಲ್ಲ.

ಹೊರಗೆ ಬಂದೆ. ಹೆಂಡತಿ ಔಷಧಿಯ ಸಾಲಿನಲ್ಲಿ ನಿಂತಿದ್ದಳು. ನನ್ನ ಕೈ ನಡುಗುತ್ತಿತ್ತು. ರಸ್ತೆಯಾಚೆ ಅಂಗಡಿಗೆ ಹೋಗಿ ಬೀಡಿ ಹಚ್ಚಿದೆ. ಇದನ್ನು ಇಲ್ಲಿ ಹೇಳಲು ಕಾರಣವಿದೆ, ಮುಂದೆ ಬರುತ್ತದೆ.

ಶಸ್ತ್ರಚಿಕಿತ್ಸೆಯ ಹಿಂದಿನ ರಾತ್ರಿ ಮಗಳು ಮೊಬೈಲ್ ಹಿಡಿದು, "ಅಪ್ಪ, ಏನಾದರೂ ಮಾತಾಡಿ" ಅಂದಳು. ಏನು ಮಾತಾಡಲಿ? ಕೊನೆಗೆ ಹೋಟೆಲಿನ ಆರ್ಡರುಗಳನ್ನೇ ಹೇಳಿದೆ. ಆಗಲೇ ದನಿ ಅರ್ಧ ಹೋಗಿತ್ತು. ಆ ರೆಕಾರ್ಡು ಅವಳ ಬಳಿ ಇದೆ. ನಾನು ಕೇಳಿಲ್ಲ.

ಎಚ್ಚರವಾದಾಗ ಮೂಗಿನಲ್ಲಿ ಊಟದ ನಳಿಗೆ, ಕುತ್ತಿಗೆಯ ಎರಡೂ ಬದಿ ರಕ್ತ ಬಸಿಯುವ ನಳಿಗೆ. ಕೂಗಲು ಬಾಯಿ ತೆರೆದೆ. ತುಟಿ ಅಲ್ಲಾಡಿತು, ನಾಲಿಗೆ ಅಲ್ಲಾಡಿತು, ಶಬ್ದ ಇಲ್ಲ. ಕೆಮ್ಮಿದರೆ ಕಫ ಬಂದದ್ದು ಎದೆಯ ಮೇಲೆ, ಕುತ್ತಿಗೆಯ ತೂತಿನಿಂದ. ಅತ್ತರೂ ಶಬ್ದವಿಲ್ಲ. ವಾರ್ಡಿನಲ್ಲಿ ನನ್ನಂಥವರು ಹಲವರಿದ್ದರು. ರಾತ್ರಿ ಯಾರು ಅಳುತ್ತಿದ್ದಾರೆ ಎಂದು ತಿಳಿಯಲು ಅವರ ಹೆಗಲನ್ನು ನೋಡಬೇಕಿತ್ತು.

ನರ್ಸು ಒಂದು ಪಾಟಿ ತಂದು ಕೊಟ್ಟು, ಬೇಕಾದ್ದನ್ನು ಬರೆಯಿರಿ ಅಂದರು. ಆಗ ನನಗೆ ಇನ್ನೊಂದು ಸಂಗತಿ ಅರಿವಾಯಿತು. ನಾನು ಮನೆಯಲ್ಲಿ ತುಳು ಆಡುತ್ತಿದ್ದೆ, ಗಲ್ಲಾದಲ್ಲಿ ಮರಾಠಿ, ಹಿಂದಿ, ಗುಜರಾತಿ ಮೂರರಲ್ಲೂ ವ್ಯವಹಾರ ಮಾಡುತ್ತಿದ್ದೆ. ಬರೆಯಲು ಬರುತ್ತಿದ್ದುದು ಕನ್ನಡ ಒಂದೇ. ದೇವನಾಗರಿಯಲ್ಲಿ ಸ್ಟೇಷನ್ನಿನ ಬೋರ್ಡು ಓದುತ್ತೇನೆ, ಬರೆದು ಅಭ್ಯಾಸವಿಲ್ಲ. ಧ್ವನಿಪೆಟ್ಟಿಗೆಯ ಜೊತೆ ನನ್ನ ಮರಾಠಿಯೂ ಹೋಯಿತು, ಹಿಂದಿಯೂ ಹೋಯಿತು. "ನೀರು" ಎಂದು ಬರೆದು ತೋರಿಸಿದರೆ ನರ್ಸು ಪಾಟಿಯನ್ನು ತಿರುಗಿಸಿ ತಿರುಗಿಸಿ ನೋಡಿದರು. ಮಾರನೆಯ ಪಾಳಿಯಲ್ಲಿ ಮಂಜೇಶ್ವರದ ಕಡೆಯ ನರ್ಸೊಬ್ಬರು ಬಂದರು. ಪಾಟಿ ಓದಿ, ತುಳುವಿನಲ್ಲೇ ಉತ್ತರ ಕೊಟ್ಟರು. ಆ ಹೆಣ್ಣುಮಗಳ ಮುಖ ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ. ಗಡಿನಾಡಿನ ಶಾಲೆಯಲ್ಲಿ ಅವರಿಗೆ ಕನ್ನಡ ಕಲಿಸಿದ ಮೇಷ್ಟ್ರಿಗೆ ನಾನು ಋಣಿ. ಅವರೇ ನನಗೆ ಹಿಂದಿಯಲ್ಲಿ ಬೇಕಾದ ಮಾತುಗಳನ್ನು ಒಂದು ರಟ್ಟಿನ ಮೇಲೆ ಬರೆದು, ಪಕ್ಕದಲ್ಲಿ ಕನ್ನಡ ಅರ್ಥ ಬರೆದುಕೊಟ್ಟರು: ನೀರು, ನೋವು, ಉಸಿರು ಕಟ್ಟುತ್ತಿದೆ, ಮನೆಯವರನ್ನು ಕರೆಯಿರಿ. ನಾನು ಬೆರಳಿಟ್ಟು ತೋರಿಸುತ್ತಿದ್ದೆ.

ಆಮೇಲೆ ವಿಕಿರಣ ಚಿಕಿತ್ಸೆ. ಮುಖ, ಕುತ್ತಿಗೆಯ ಅಳತೆಗೆ ಒಂದು ಬಲೆಯಂಥ ಮುಖವಾಡ ಮಾಡಿ, ಅದನ್ನು ತೊಡಿಸಿ ಮೇಜಿಗೆ ಬಿಗಿಯುತ್ತಾರೆ. ವಾರಕ್ಕೆ ಐದು ದಿನ, ಸುಮಾರು ಒಂದೂವರೆ ತಿಂಗಳು. ಲೋಕಲಿನ ಅಂಗವಿಕಲರ ಡಬ್ಬಿಯಲ್ಲಿ ಕ್ಯಾನ್ಸರ್ ರೋಗಿಗಳಿಗೂ ಜಾಗವಿದೆ. ಅದಿಲ್ಲದಿದ್ದರೆ ನಾನು ಚಿಕಿತ್ಸೆ ಮುಗಿಸುತ್ತಿದ್ದೆನೋ ಇಲ್ಲವೋ. ಸಾಮಾನ್ಯ ಡಬ್ಬಿಯಲ್ಲಿ ಒಬ್ಬರ ಮೊಣಕೈ, ಒಬ್ಬರ ಚೀಲ ಕುತ್ತಿಗೆಗೆ ತಾಗಿದರೆ ಉಸಿರು ನಿಲ್ಲುತ್ತದೆ, ಕೂಗಲು ದನಿಯಿಲ್ಲ. ಜೇಬಿನಲ್ಲಿ ಯಾವಾಗಲೂ ಒಂದು ಚೀಟಿ: ನಾನು ಕುತ್ತಿಗೆಯಿಂದ ಉಸಿರಾಡುತ್ತೇನೆ, ಪ್ರಜ್ಞೆ ತಪ್ಪಿದರೆ ಬಾಯಿಗೆ ಗಾಳಿ ಊದಬೇಡಿ, ಕುತ್ತಿಗೆಯ ಬಟ್ಟೆ ಸರಿಸಿ.

ಮೂಗು ಎಷ್ಟು ಕೆಲಸ ಮಾಡುತ್ತದೆ ಎಂಬುದು ಅದು ನಿಂತ ಮೇಲೆ ಗೊತ್ತಾಯಿತು. ಒಳಗೆ ಹೋಗುವ ಗಾಳಿಯನ್ನು ಬೆಚ್ಚಗೆ ಮಾಡುವುದು, ತೇವ ಮಾಡುವುದು, ಧೂಳು ಹಿಡಿಯುವುದು. ಈಗ ಹೆದ್ದಾರಿಯ ಧೂಳು ನೇರ ಶ್ವಾಸಕೋಶಕ್ಕೆ. ಬೇಸಿಗೆಯಲ್ಲಿ ಕಫ ಒಣಗಿ ತೂತಿಗೆ ಹೆಕ್ಕಳೆ ಕಟ್ಟುತ್ತದೆ. ಒದ್ದೆ ಬಟ್ಟೆ ಕಟ್ಟಿಕೊಳ್ಳಬೇಕು. ಸ್ನಾನ ಮಾಡುವಾಗ ಒಂದು ಚೊಂಬು ನೀರು ತಪ್ಪಿ ಬಿದ್ದರೆ ಸಾಕು. ಮಳೆಯಲ್ಲಿ ದಹಿಸರ್ ನದಿ ಉಕ್ಕಿದ ದಿನಗಳಲ್ಲಿ ನಾನು ಮನೆ ಬಿಟ್ಟು ಇಳಿಯುವುದಿಲ್ಲ. ಸೊಂಟದ ಮಟ್ಟದ ನೀರಿನಲ್ಲಿ ಎಡವಿದರೆ ಎಲ್ಲರಿಗೂ ಬಾಯಿ ಮುಚ್ಚಿಕೊಂಡು ಏಳಲು ಸಮಯವಿರುತ್ತದೆ, ನನಗೆ ಇರುವುದಿಲ್ಲ.

ಎಲ್ಲಕ್ಕಿಂತ ಹೆಚ್ಚು ನೋಯಿಸಿದ್ದು ವಾಸನೆ ಹೋದದ್ದು. ಗಾಳಿ ಮೂಗಿಗೆ ಹೋಗದಿದ್ದರೆ ವಾಸನೆಯೂ ಇಲ್ಲ. ನಾನು ಗಲ್ಲಾದಲ್ಲಿ ಕುಳಿತೇ ಸಾಂಬಾರಿಗೆ ಇಂಗು ಬಿದ್ದಿದೆಯೇ, ದೋಸೆ ಹಿಟ್ಟು ಹುಳಿ ಹೆಚ್ಚಾಗಿದೆಯೇ, ಹಾಲು ಅಡಿ ಹಿಡಿದಿದೆಯೇ ಎಂದು ಹೇಳುತ್ತಿದ್ದವನು. ನಲವತ್ತು ವರ್ಷದ ಕಸುಬು ಮೂಗಿನಲ್ಲಿತ್ತು. ಚಿಕಿತ್ಸೆ ಮುಗಿಸಿ ಹೋಟೆಲಿಗೆ ಹೋದಾಗ ಒಲೆಯ ಮೇಲೆ ಪಲ್ಯ ಹೊತ್ತಿ ಹೊಗೆ ಏಳುತ್ತಿತ್ತು. ಅದು ನನಗೆ ಕಣ್ಣಿಗೆ ಬಿದ್ದಾಗಲೇ ತಿಳಿದದ್ದು. ಅಂದೇ ಮಾಲೀಕರಿಗೆ ಚೀಟಿ ಬರೆದುಕೊಟ್ಟು ಕೆಲಸ ಬಿಟ್ಟೆ.

ದನಿ ಮರಳಿ ಬಂದ ಬಗೆಯನ್ನೂ ಹೇಳಬೇಕು. ಶ್ವಾಸನಾಳಕ್ಕೂ ಅನ್ನನಾಳಕ್ಕೂ ನಡುವಿನ ಗೋಡೆಯಲ್ಲಿ ಸಣ್ಣ ರಂಧ್ರ ಮಾಡಿ, ಸಿಲಿಕಾನಿನ ಒಂದು ಕವಾಟ ಕೂರಿಸುತ್ತಾರೆ. ಅದು ಒಂದೇ ಕಡೆಗೆ ತೆರೆಯುತ್ತದೆ. ಕುತ್ತಿಗೆಯ ತೂತು ಮುಚ್ಚಿ ಉಸಿರು ಬಿಟ್ಟರೆ ಗಾಳಿ ಕವಾಟದ ಮೂಲಕ ಅನ್ನನಾಳಕ್ಕೆ ನುಗ್ಗಿ, ಗಂಟಲಿನ ಗೋಡೆ ಅದುರಿ ಶಬ್ದವಾಗುತ್ತದೆ. ತುಟಿ ನಾಲಿಗೆ ಅದನ್ನು ಮಾತು ಮಾಡುತ್ತವೆ. ಅಮೆರಿಕದ ಬ್ಲಾಮ್ ಮತ್ತು ಸಿಂಗರ್ ಎಂಬವರು 1980ರ ಸುಮಾರಿಗೆ ಈ ವಿಧಾನ ತಂದರು. ಹೊರದೇಶದ ಕವಾಟಕ್ಕೆ ಹತ್ತಾರು ಸಾವಿರ ರೂಪಾಯಿ. ಬೂಷ್ಟು ಹಿಡಿದು ಸೋರತೊಡಗಿದರೆ ಬದಲಾಯಿಸಬೇಕು. ಚಹಾ ಕುಡಿದರೆ ಕೆಮ್ಮು ಬಂತೆಂದರೆ ಕವಾಟ ಸೋರುತ್ತಿದೆ ಎಂದರ್ಥ. ದುಡ್ಡಿಲ್ಲದೆ ಬದಲಾಯಿಸಲಾಗದೆ ಮತ್ತೆ ಮೂಕರಾದವರನ್ನು ನಾನು ಓಪಿಡಿಯಲ್ಲಿ ಕಂಡಿದ್ದೇನೆ. ಬೆಂಗಳೂರಿನ ಶಸ್ತ್ರವೈದ್ಯ ಡಾ. ವಿಶಾಲ್ ರಾವ್ ಅವರು ಗೆಳೆಯ ಶಶಾಂಕ್ ಮಹೇಶ್ ಅವರ ಜೊತೆ ಸೇರಿ ಸುಮಾರು 50 ರೂಪಾಯಿಗೆ ಸಿಗುವಂಥ 'ಓಂ' ಹೆಸರಿನ ಕವಾಟ ತಯಾರಿಸಿದ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿದ ದಿನ, ನಾನು ಆ ಪುಟವನ್ನು ಕತ್ತರಿಸಿ ಜೇಬಿನಲ್ಲಿಟ್ಟುಕೊಂಡು ತಿರುಗಿದೆ. ದನಿ ಕಳೆದುಕೊಂಡ ಬಡವನ ಬಗ್ಗೆ ನಮ್ಮ ನಾಡಿನ ಒಬ್ಬರು ಅಷ್ಟು ಯೋಚಿಸಿದರಲ್ಲ ಎಂಬ ಸಂತೋಷ.

ಕವಾಟ ಕೂರಿಸಿದ ಮೇಲೆ ನಾನು ಆಡಿದ ಮೊದಲ ಮಾತು ಹೆಂಡತಿಯ ಹೆಸರು. ನಮ್ಮಲ್ಲಿ ಹೆಂಡತಿಯನ್ನು ಹೆಸರು ಹಿಡಿದು ಕರೆಯುವ ರೂಢಿ ನನಗಿರಲಿಲ್ಲ. ಅವಳು ತಿರುಗಿ ಯಾರು ಕರೆದದ್ದು ಎಂದು ಬಾಗಿಲ ಕಡೆ ನೋಡಿದಳು. ದನಿ ಹಾಗೆ ಬದಲಾಗಿತ್ತು.

ಇನ್ನು ಭಾಷಣದ ವಿಷಯ. ಮೊದಲ ಸಲ ನಾನು ವೇದಿಕೆ ಹತ್ತಿದ್ದು ದಹಿಸರ್ ಪೂರ್ವದ ಒಂದು ಸಭಾಗೃಹದಲ್ಲಿ, ಭಾನುವಾರದ ವೈದ್ಯಕೀಯ ಶಿಬಿರದಲ್ಲಿ. ಬಂದಿದ್ದ ಉಪನ್ಯಾಸಕರು ಪರದೆಯ ಮೇಲೆ ಕಪ್ಪಾದ ಶ್ವಾಸಕೋಶ, ಕೊಳೆತ ದವಡೆಯ ಚಿತ್ರಗಳನ್ನು ತೋರಿಸಿದರು. ಒಂದೊಂದು ಚಿತ್ರಕ್ಕೂ ದನಿ ಏರಿಸಿದರು. ಕೊನೆಗೆ ನನ್ನನ್ನು ಮುಂದಕ್ಕೆ ಕರೆದು, "ಈಗ ಇವರ ಕುತ್ತಿಗೆ ನೋಡಿ" ಎಂದು ಬಟ್ಟೆ ತೆಗೆಯಲು ಹೇಳಿದರು. ತೆಗೆದೆ. ಮುಂದಿನ ಸಾಲಿನಲ್ಲಿ ಒಬ್ಬ ತಾಯಿ ಮಗುವಿನ ಕಣ್ಣು ಮುಚ್ಚಿದಳು. ಯಾರೋ ಮೊಬೈಲ್ ಎತ್ತಿ ಹಿಡಿದರು. ನಾನು ಮಾತಾಡಲು ಬೆರಳೆತ್ತುವಷ್ಟರಲ್ಲಿ ಚಪ್ಪಾಳೆ ಬಿತ್ತು, ಉಪನ್ಯಾಸಕರು ಮುಂದಿನ ಮಾತಿಗೆ ಹೋದರು. ನನ್ನ ಕುತ್ತಿಗೆ ಅವರಿಗೆ ಪರದೆಯ ಕೊನೆಯ ಚಿತ್ರವಾಗಿತ್ತು. ಶಸ್ತ್ರಚಿಕಿತ್ಸೆಯ ನೋವನ್ನು ತಡೆದಿದ್ದೆ, ವಿಕಿರಣದಲ್ಲಿ ಬಾಯಿ ಹುಣ್ಣಾದದ್ದನ್ನು ತಡೆದಿದ್ದೆ. ಆ ಹತ್ತು ನಿಮಿಷ ನಿಂತದ್ದು ಅವೆರಡಕ್ಕಿಂತ ಕಷ್ಟವಾಯಿತು.

ಸಭೆ ಮುಗಿದು ಹೊರಗೆ ಬಂದರೆ ಸಭಾಗೃಹದ ಎದುರಿನ ಅಂಗಡಿಯಲ್ಲಿ ನಮ್ಮವರೇ ಐದಾರು ಮಂದಿ ನಿಂತು ಸೇದುತ್ತಿದ್ದರು. ಒಬ್ಬ ನನ್ನನ್ನು ನೋಡಿ ಬೀಡಿಯನ್ನು ಬೆನ್ನ ಹಿಂದೆ ಹಿಡಿದು, "ನೋಡಿ ತಲೆ ಕೆಟ್ಟಿತು ಮಾರಾಯ್ರೆ, ಒಂದು ಸೇದದೆ ಆಗಲಿಲ್ಲ" ಅಂದ. ಅವನ ಮೇಲೆ ನನಗೆ ಸಿಟ್ಟು ಬರಲಿಲ್ಲ. ರಿಪೋರ್ಟು ಬಂದ ದಿನ ಪರೇಲ್‌ನ ರಸ್ತೆಯಲ್ಲಿ ನಾನು ಮಾಡಿದ್ದೂ ಅದನ್ನೇ. ಸೇದುವವನಿಗೆ ಭಯವಾದರೆ ಕೈ ಹೋಗುವುದು ಬೀಡಿಗೇ. ಅವನನ್ನು ಹೆದರಿಸಿ ಮನೆಗೆ ಕಳಿಸಿದರೆ ನಾವು ಅವನಿಗೆ ಇನ್ನೊಂದು ಬೀಡಿ ಕೊಟ್ಟು ಕಳಿಸಿದ ಹಾಗೆ. ನನ್ನ ಮಾತು ಬೇರೆಯಾಗಬೇಕು ಎಂದು ಅಂದು ನಿಶ್ಚಯಿಸಿದೆ.

ಹೆದರಿಕೆಯ ಚಿತ್ರಗಳಿಗೆ ಇನ್ನೊಂದು ಗತಿಯೂ ಆಗುತ್ತದೆ. 2012ರ ಅಕ್ಟೋಬರ್‌ನಿಂದ ಚಿತ್ರಮಂದಿರಗಳಲ್ಲಿ ಸಿನಿಮಾಕ್ಕೆ ಮೊದಲು ಮುಕೇಶ್ ಹರಾಣೆ ಎಂಬ ಯುವಕನ ಚಿತ್ರ ತೋರಿಸತೊಡಗಿದರು. ಗುಟ್ಕಾ ತಿಂದು ಬಾಯಿ ಕ್ಯಾನ್ಸರಾಗಿ, 2009ರಲ್ಲಿ, 24ನೆಯ ವಯಸ್ಸಿನಲ್ಲಿ ತೀರಿಹೋದ ಮಹಾರಾಷ್ಟ್ರದ ಹುಡುಗ. ಆತ ಮಲಗಿದ್ದೂ ನಾನು ಮಲಗಿದ ಆಸ್ಪತ್ರೆಯಲ್ಲೇ. ಆ ಚಿತ್ರದ ದನಿಯನ್ನು ಅಣಕಿಸಿ ನಗುವುದು ದೇಶದಲ್ಲೆಲ್ಲ ಒಂದು ತಮಾಷೆಯಾಗಿಬಿಟ್ಟಿತು. ನಗುವವರು ಕೆಟ್ಟವರೆಂದು ನಾನು ಹೇಳಲಾರೆ. ಸಿನಿಮಾ ನೋಡಲು ಬಂದವನಿಗೆ ಅದೇ ಭಯವನ್ನು ಮತ್ತೆ ಮತ್ತೆ ತೋರಿಸಿದರೆ ಅವನು ನಗುವನ್ನು ಅಡ್ಡ ಹಿಡಿಯುತ್ತಾನೆ. ಆದರೆ ಆ ಹುಡುಗನಿಗೆ ತಾಯಿ ಇದ್ದಳು. ಇದನ್ನು ನೆನೆದರೆ ನನಗೆ ಇಂದಿಗೂ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ಅದೇ ಆಸ್ಪತ್ರೆಯ ಶಸ್ತ್ರವೈದ್ಯ ಡಾ. ಪಂಕಜ್ ಚತುರ್ವೇದಿಯವರು 'ವಾಯ್ಸ್ ಆಫ್ ಟೊಬ್ಯಾಕೊ ವಿಕ್ಟಿಮ್ಸ್' ಎಂಬ ಆಂದೋಲನ ಕಟ್ಟಿ, ರೋಗಿಗಳು ತಾವೇ ಮಂತ್ರಿಗಳ, ಶಾಸಕರ ಎದುರು ನಿಂತು ಮಾತಾಡುವಂತೆ ಮಾಡಿದರು. ಅಲ್ಲಿ ರೋಗಿ ಚಿತ್ರವಾಗಿ ನಿಲ್ಲುವುದಿಲ್ಲ, ಅವನ ಮಾತು ಅವನೇ ಆಡುತ್ತಾನೆ. ನನಗೆ ದಾರಿ ತೋರಿಸಿದ್ದು ಅದು.

ಈಗ ನಾನು ದೊಡ್ಡ ಸಭೆಗಳಿಗಿಂತ ಹೋಟೆಲ್ ಹುಡುಗರ ಖೋಲಿಗಳಿಗೆ ಹೋಗುವುದು ಹೆಚ್ಚು. ರಾತ್ರಿ ಹನ್ನೊಂದರ ಮೇಲೆ, ಬಾಗಿಲು ಎಳೆದ ನಂತರ. ಈಗ ನಮ್ಮೂರಿನ ಹುಡುಗರು ಕಡಿಮೆ. ಉತ್ತರ ಪ್ರದೇಶ, ಒಡಿಶಾ, ನೇಪಾಳದವರ ಜೊತೆ ಬೈಂದೂರು, ಕುಂದಾಪುರದ ಒಬ್ಬಿಬ್ಬರು ಭಟ್ಟರು, ಕಲಬುರಗಿ ಕಡೆಯ ಕೆಲವು ಹುಡುಗರು. ನನ್ನ ಹಿಂದಿ ನನಗೆ ಮರಳಿ ಬಂದಿದೆ. ಬಟ್ಟೆ ತೆಗೆಯುವುದಿಲ್ಲ. ಅವರೇ ಕೇಳುತ್ತಾರೆ: "ಮಾಮ, ದೊಂಡೆಗೆ ಎಂತ ಆದದ್ದು?" ಕೇಳಿದ ಮೇಲೆ ತೋರಿಸುತ್ತೇನೆ. ಊಟ ಹೇಗೆ, ಸೀನು ಎಲ್ಲಿಂದ ಬರುತ್ತದೆ, ರಾತ್ರಿ ಮಲಗಿದಾಗ ಮುಚ್ಚಿಹೋದರೆ ಏನು ಗತಿ, ಎಲ್ಲ ಕೇಳುತ್ತಾರೆ. ಎಲ್ಲಕ್ಕೂ ಉತ್ತರ ಹೇಳುತ್ತೇನೆ. ಮುಟ್ಟಿ ನೋಡಬಹುದೇ ಎಂದು ಕೇಳಿದವನಿಗೆ ಕೈ ತೊಳೆದು ಬಾ ಎಂದು ಮುಟ್ಟಲು ಬಿಟ್ಟಿದ್ದೇನೆ.

ಆಮೇಲೆ ಬೀಡಿಯ ವಿಷಯ. ಸಿಗರೇಟಿಗಿಂತ ಬೀಡಿ ಪರವಾಗಿಲ್ಲ, ಎಲೆಯಲ್ಲಿ ಸುತ್ತಿದ್ದು, ಪುಡಿ ಕಡಿಮೆ ಎಂಬ ನಂಬಿಕೆ ಎಲ್ಲರದ್ದೂ. ಪುಡಿ ಕಡಿಮೆ ಹೌದು. ಆದರೆ ಆ ಎಲೆ ಬೇಗ ಆರಿಹೋಗುತ್ತದೆ, ಆರದಿರಲು ಮತ್ತೆ ಮತ್ತೆ ಜೋರಾಗಿ ಎಳೆಯಬೇಕು. ಆಗ ಒಳಗೆ ಹೋಗುವ ಟಾರು, ನಿಕೋಟಿನ್ ಸಿಗರೇಟಿಗಿಂತ ಕಡಿಮೆಯೇನಲ್ಲ, ಹೆಚ್ಚೇ. ಬೀಡಿ ನಿಜಕ್ಕೂ ಪರವಾಗಿಲ್ಲವೇ ಎಂಬುದನ್ನು ಪರೀಕ್ಷಿಸಿದ್ದು ನಮ್ಮ ಮುಂಬಯಿಯಲ್ಲೇ. ಸಂಶೋಧಕ ಪ್ರಕಾಶ್ ಗುಪ್ತ ಮತ್ತು ಅವರ ಜೊತೆಗಾರರು 1990ರ ದಶಕದಲ್ಲಿ ಮತದಾರರ ಪಟ್ಟಿ ಹಿಡಿದು ಮನೆಮನೆಗೆ ಹೋಗಿ, 35 ದಾಟಿದ ಸುಮಾರು ಒಂದು ಲಕ್ಷ ಜನರ ಅಭ್ಯಾಸಗಳನ್ನು ಬರೆದುಕೊಂಡರು. ಕೆಲವು ವರ್ಷ ಬಿಟ್ಟು ಅದೇ ಮನೆಗಳಿಗೆ ಮತ್ತೆ ಹೋಗಿ ಯಾರು ಬದುಕಿದ್ದಾರೆ, ಯಾರು ಇಲ್ಲ ಎಂದು ವಿಚಾರಿಸಿದರು. 2005ರಲ್ಲಿ ಪ್ರಕಟವಾದ ಲೆಕ್ಕದಲ್ಲಿ ಬೀಡಿ ಸೇದುವವರ ಸಾವಿನ ಅಪಾಯ ಸಿಗರೇಟಿನವರಿಗಿಂತ ಹೆಚ್ಚಿತ್ತು. ದೇಶದಲ್ಲಿ ಸೇದುವವರಲ್ಲಿ ಬೀಡಿಯವರೇ ಜಾಸ್ತಿ. 2016-17ರ ಸರ್ಕಾರಿ ಸಮೀಕ್ಷೆಯಲ್ಲಿ ವಯಸ್ಕರಲ್ಲಿ ಶೇ. 7.7 ಮಂದಿ ಬೀಡಿ, ಶೇ. 4 ಮಂದಿ ಸಿಗರೇಟು ಎಂದಿದೆ. ಬಡವನ ಬೀಡಿಗೆ ಕಡಿಮೆ ತೆರಿಗೆ ಹಾಕುವುದನ್ನು ಬಡವನ ಮೇಲಿನ ಕರುಣೆ ಎಂದು ಕರೆಯುವವರನ್ನು ನಾನು ಒಪ್ಪುವುದಿಲ್ಲ.

2018ರಿಂದ ಪ್ಯಾಕಿನ ಮೇಲೆ ಒಂದು ಫೋನ್ ನಂಬರು ಅಚ್ಚಾಗುತ್ತಿದೆ: 1800-11-2356. ಬಿಡಬೇಕೆನ್ನುವವರಿಗೆ ದುಡ್ಡಿಲ್ಲದೆ ಸಲಹೆ ಕೊಡುವ ಸರ್ಕಾರದ ಸಹಾಯವಾಣಿ. ಬೆಂಗಳೂರಿನ ನಿಮ್ಹಾನ್ಸ್ ಕೇಂದ್ರದಿಂದ ಕನ್ನಡದಲ್ಲೂ ಮಾತಾಡುತ್ತಾರೆ. ನಾನು ಖೋಲಿಯಲ್ಲಿ ಕೇಳಿದರೆ ಒಬ್ಬ ಹುಡುಗನೂ ಆ ನಂಬರು ಕಂಡಿರುವುದಿಲ್ಲ. ಕಾರಣ ಸರಳ. ಅವರು ಕೊಳ್ಳುವುದು ಒಂದೊಂದೇ, ಬಿಡಿಯಾಗಿ. 2020ರಲ್ಲಿ ಮಹಾರಾಷ್ಟ್ರ ಸರ್ಕಾರ ಬಿಡಿ ಮಾರಾಟ ನಿಷೇಧಿಸಿದರೂ ಅಂಗಡಿಯಲ್ಲಿ ಅದೇ ನಡೆಯುತ್ತಿದೆ. ಪ್ಯಾಕಿನ ಶೇ. 85 ಭಾಗ ತುಂಬಿದ ಎಚ್ಚರಿಕೆಯ ಚಿತ್ರವನ್ನು ನೋಡುವವನು ಅಂಗಡಿಯವನು ಒಬ್ಬನೇ. ಅದಕ್ಕೇ ನಾನು ನಂಬರನ್ನು ಸುಣ್ಣದಲ್ಲಿ ಖೋಲಿಯ ಗೋಡೆಯ ಮೇಲೆ ಬರೆಸುತ್ತೇನೆ.

ಬಿಡು ಎಂದು ನಾನು ಯಾರ ಕೈಯಿಂದಲೂ ಆಣೆ ಹಾಕಿಸುವುದಿಲ್ಲ. ಬಿಟ್ಟರೆ ಮೊದಲ ಮೂರು ನಾಲ್ಕು ದಿನ ತಲೆ ಸಿಡಿಯುತ್ತದೆ, ನಿದ್ದೆ ಬರುವುದಿಲ್ಲ, ಗಿರಾಕಿಯ ಮೇಲೆ ರೇಗುತ್ತೀರಿ ಎನ್ನುತ್ತೇನೆ. ಆ ದಿನಗಳಲ್ಲಿ ಬಿಡುತ್ತಿರುವವನ ಎದುರು ಹಚ್ಚಬೇಡಿ ಎಂದು ಜೊತೆಯವರಿಗೆ ಹೇಳುತ್ತೇನೆ. ಚಹಾದ ನಂತರ, ಬಾಗಿಲು ಎಳೆದ ನಂತರ, ಈ ಎರಡು ಹೊತ್ತು ದಾಟಿಸಿಕೊಡಿ ಅನ್ನುತ್ತೇನೆ. ಸರ್ಕಾರಿ ಆಸ್ಪತ್ರೆಯಲ್ಲಿ ನಿಕೋಟಿನ್ ಚ್ಯೂಯಿಂಗ್ ಗಮ್ ಬಗ್ಗೆ ಕೇಳಿ ಅನ್ನುತ್ತೇನೆ.

ಮತ್ತೆ ಒಂದು ಮಾತು, ಇದನ್ನು ಹೇಳದೆ ನಾನು ಎದ್ದು ಬರುವುದಿಲ್ಲ. ದನಿ ಒಡೆದು ಮೂರು ವಾರವಾದರೂ ಸರಿಹೋಗದಿದ್ದರೆ, ನೋವಿರಲಿ ಇಲ್ಲದಿರಲಿ, ಕಿವಿ ಮೂಗು ಗಂಟಲಿನ ಡಾಕ್ಟರಿಗೆ ತೋರಿಸಿ ಧ್ವನಿತಂತು ನೋಡಿಸಬೇಕು. ಧ್ವನಿತಂತುವಿನ ಕ್ಯಾನ್ಸರು ಶುರುವಿನಲ್ಲೇ ಸಿಕ್ಕರೆ ವಿಕಿರಣ ಒಂದರಲ್ಲೇ, ಇಲ್ಲವೇ ಲೇಸರಿನಲ್ಲೇ, ಹತ್ತರಲ್ಲಿ ಸುಮಾರು ಒಂಬತ್ತು ಮಂದಿ ಗುಣವಾಗುತ್ತಾರೆ, ದನಿಯೂ ಉಳಿಯುತ್ತದೆ. ಶೀರ್ಷಾಸನ ಹಾಕಿದರೂ ಕಷಾಯದಿಂದ ಅದು ಹೋಗುವುದಿಲ್ಲ. ಮೂರು ವಾರದ ಆ ಒಂದು ವಾಕ್ಯ ಹೇಳಲು ನನಗೆ ನಾಲ್ಕು ಸಲ ಉಸಿರು ಎಳೆಯಬೇಕಾಗುತ್ತದೆ. ಬಹುಶಃ ಅದಕ್ಕೇ ಅವರು ಅದನ್ನು ನೆನಪಿಟ್ಟುಕೊಳ್ಳುತ್ತಾರೆ.

ಕಳೆದ ವರ್ಷ ದಹಿಸರ್‌ನ ರಾವಳ್‌ಪಾಡಾದ ಒಂದು ಖೋಲಿಯಲ್ಲಿ ಮಾತಾಡಿ ಬಂದ ಮೇಲೆ ಅಡುಗೆಯ ಭಟ್ಟರೊಬ್ಬರು ಮನೆಗೆ ಬಂದರು. ದನಿ ಎರಡು ತಿಂಗಳಿಂದ ಒಡೆದಿತ್ತು. ರಜೆ ಸಿಗುವುದಿಲ್ಲ ಎಂದು ಸುಮ್ಮನಿದ್ದರಂತೆ. ಮಾಲೀಕರ ಜೊತೆ ನಾನೇ ಮಾತಾಡಿ, ಅವರನ್ನು ಕರೆದುಕೊಂಡು ಪರೇಲ್‌ಗೆ ಹೋದೆ. ಧ್ವನಿತಂತುವಿನ ಮೇಲೆ ಸಣ್ಣದು ಸಿಕ್ಕಿತು, ಮೊದಲ ಹಂತ. ವಿಕಿರಣ ಮುಗಿದಿದೆ. ಈಗ ಅವರು ಅದೇ ಹೋಟೆಲಿನಲ್ಲಿ ದೋಸೆಯ ಕಲ್ಲಿನ ಮುಂದೆ ನಿಂತು ಹುಡುಗರನ್ನು ಜೋರಾಗಿ ಬೈಯುತ್ತಾರೆ. ಬೀಡಿ ಬಿಟ್ಟಿದ್ದಾರೆ, ಇವತ್ತಿನವರೆಗೆ. ಬರುವ ಭಾನುವಾರ ರಾತ್ರಿ ಮೀರಾ ರೋಡಿನ ಖೋಲಿಗೆ ನಾವಿಬ್ಬರೂ ಹೋಗುತ್ತಿದ್ದೇವೆ. ನಾನು ಉಸಿರು ಎಳೆದುಕೊಳ್ಳುವಾಗ ಅವರು ಮಾತಾಡುವುದೆಂದು ನಿಶ್ಚಯವಾಗಿದೆ.